ಆರು ತಿಂಗಳೊಳಗೆ ಮುಗಿಸಿ



‘ಹೈಕೋರ್ಟಿಂದ ಆರ್ಡರ್ ತಂದಿದ್ದೀವಿ. ಇನ್ನು ಆರು ತಿಂಗಳಲ್ಲಿ ನಮ್ಮ ಅಪೀಲು ಮುಗೀಲೇಬೇಕು.’ ನಮ್ಮ ಜಿಲ್ಲಾ, ತಾಲ್ಲೂಕು ನ್ಯಾಯಾಲಯಗಳ ಆವರಣದಲ್ಲಿ, ಟೈಪಿಸ್ಟರ ಮೇಜಿನ ಪಕ್ಕದಲ್ಲಿ, ಕ್ಯಾಂಟೀನಿನ ಬಾಗಿಲಲ್ಲಿ ಈ ಮಾತು ಆಗಾಗ ಕಿವಿಗೆ ಬೀಳುತ್ತದೆ. ಹೇಳುವವರ ಕೈಯಲ್ಲಿ ಎರಡು ಮೂರು ಪುಟಗಳ ದೃಢೀಕೃತ ನಕಲು ಇರುತ್ತದೆ. ಈ ಮೇಲ್ಮನವಿಯನ್ನು ಆದಷ್ಟು ಬೇಗ, ಸಾಧ್ಯವಾದರೆ ಆದೇಶದ ಪ್ರತಿ ತಲುಪಿದ ಆರು ತಿಂಗಳೊಳಗೆ ಇತ್ಯರ್ಥಪಡಿಸಿ ಎಂದು ಉಚ್ಚ ನ್ಯಾಯಾಲಯ ಅಧೀನ ನ್ಯಾಯಾಲಯಕ್ಕೆ ಹೇಳಿರುತ್ತದೆ. ಆ ಒಂದು ಸಾಲಿಗಾಗಿ ಕಕ್ಷಿದಾರರು ಬೆಂಗಳೂರಿಗೋ ಧಾರವಾಡಕ್ಕೋ ಕಲಬುರಗಿಗೋ ಓಡಾಡಿರುತ್ತಾರೆ, ಇನ್ನೊಬ್ಬ ವಕೀಲರಿಗೆ ಫೀಸು ಕೊಟ್ಟಿರುತ್ತಾರೆ. ಇಷ್ಟೆಲ್ಲ ಮಾಡಿ ತಂದ ಆ ಸಾಲಿಗೆ ನಿಜವಾಗಿ ಎಷ್ಟು ಬಲವಿದೆ? ಅದು ಬಂದ ಮೇಲೂ ಅಪೀಲು ಯಾಕೆ ಕುಂಟುತ್ತದೆ? ಇವತ್ತಿನ ಮಾತು ಇದರ ಸುತ್ತ.

ಮೊದಲು, ದೇಶದ ಅತಿ ದೊಡ್ಡ ನ್ಯಾಯಾಲಯವೇ ಇಂಥ ಮಾತು ಆಡಿದ ಒಂದು ಸಂದರ್ಭವನ್ನು ನೆನಪಿಸುತ್ತೇನೆ. ಹಿಂದೂ ಅವಿಭಕ್ತ ಕುಟುಂಬದ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕು ಎಂದು ಸಂಸತ್ತು 2005ರಲ್ಲಿ ಉತ್ತರಾಧಿಕಾರ ಕಾಯ್ದೆಯನ್ನು ತಿದ್ದಿತು. ಕರ್ನಾಟಕ ಅದಕ್ಕೂ ಮೊದಲೇ, 1994ರಲ್ಲಿ, ತನ್ನದೇ ತಿದ್ದುಪಡಿ ತಂದಿತ್ತು. ಆದರೆ 2005ಕ್ಕೆ ಮೊದಲೇ ತಂದೆ ತೀರಿಕೊಂಡಿದ್ದರೆ ಮಗಳಿಗೆ ಆ ಹಕ್ಕು ಉಂಟೋ ಇಲ್ಲವೋ ಎಂಬ ಪ್ರಶ್ನೆ ಉಳಿದುಬಿಟ್ಟಿತು. 2015ರಲ್ಲಿ ಸುಪ್ರೀಂ ಕೋರ್ಟಿನ ಒಂದು ಪೀಠ ಇಲ್ಲ ಎಂಬರ್ಥದ ತೀರ್ಪು ಕೊಟ್ಟಿತು. 2018ರಲ್ಲಿ ಇನ್ನೊಂದು ಪೀಠ ತಂದೆ ಮೊದಲೇ ಕಾಲವಾಗಿದ್ದ ಪ್ರಕರಣದಲ್ಲೂ ಹೆಣ್ಣುಮಕ್ಕಳಿಗೆ ಪಾಲು ಕೊಟ್ಟಿತು. ಈ ಎರಡೂ ಪ್ರಕರಣಗಳು ಹೋದದ್ದು ನಮ್ಮ ಕರ್ನಾಟಕದಿಂದಲೇ. ಮೊದಲನೆಯದು 1992ರಲ್ಲಿ ಬೆಳಗಾವಿಯಲ್ಲಿ ಹೂಡಿದ ದಾವೆ, ಎರಡನೆಯದು 2002ರ ದಾವೆ. ಒಂದಕ್ಕೆ ಕೊನೆಯ ಮೆಟ್ಟಿಲು ಹತ್ತಲು ಇಪ್ಪತ್ಮೂರು ವರ್ಷ ಬೇಕಾಯಿತು, ಇನ್ನೊಂದಕ್ಕೆ ಹದಿನಾರು.

ಎರಡು ತೀರ್ಪು ಎರಡು ದಿಕ್ಕಿಗೆ ಎಳೆದಾಗ ದೇಶದ ತುಂಬ ಪಾಲಿನ ದಾವೆಗಳು, ಮೇಲ್ಮನವಿಗಳು ನಿಂತಲ್ಲೇ ನಿಂತವು. 2020ರ ಆಗಸ್ಟ್ 11ರಂದು ಮೂವರು ನ್ಯಾಯಮೂರ್ತಿಗಳ ಪೀಠ ಗೊಂದಲ ಬಿಡಿಸಿ, ಹಕ್ಕು ಹುಟ್ಟಿನಿಂದಲೇ ಬರುತ್ತದೆ, ತಂದೆ ಬದುಕಿರಲೇಬೇಕೆಂದಿಲ್ಲ ಎಂದಿತು. ಆ ಪೀಠದಲ್ಲಿ ನ್ಯಾಯಮೂರ್ತಿ ಅರುಣ್ ಮಿಶ್ರಾ, ಎಂ.ಆರ್. ಶಾ ಅವರ ಜೊತೆಗೆ ನಮ್ಮ ಕರಾವಳಿಯವರಾದ ನ್ಯಾಯಮೂರ್ತಿ ಎಸ್. ಅಬ್ದುಲ್ ನಜೀರ್ ಇದ್ದರು. ತೀರ್ಪಿನ ಕೊನೆಯಲ್ಲಿ ಪೀಠ ಇನ್ನೊಂದು ಮಾತು ಸೇರಿಸಿತು. ಈ ಪ್ರಶ್ನೆಯ ಮೇಲೆ ಉಚ್ಚ ನ್ಯಾಯಾಲಯಗಳಲ್ಲೂ ಅಧೀನ ನ್ಯಾಯಾಲಯಗಳಲ್ಲೂ ಬಾಕಿಯಿರುವ ದಾವೆ, ಮೇಲ್ಮನವಿಗಳು ಈಗಾಗಲೇ ತಡವಾಗಿವೆ, ಸಾಧ್ಯವಾದಮಟ್ಟಿಗೆ ಆರು ತಿಂಗಳೊಳಗೆ ತೀರ್ಮಾನಿಸಿ ಎಂಬುದು ಅದರ ಕೋರಿಕೆ.

ಮಾತು ನ್ಯಾಯವಾದದ್ದೇ. ಆದರೆ ಅದು ಬಂದದ್ದು ಕೊರೊನಾ ಕಾಲದಲ್ಲಿ. ಕೋರ್ಟುಗಳು ಅರ್ಧ ಬಾಗಿಲು ತೆರೆದಿದ್ದವು, ಸಾಕ್ಷಿಗಳು ಕಟಕಟೆ ಹತ್ತುವಂತಿರಲಿಲ್ಲ. ಕೊರೊನಾ ಇಲ್ಲದಿದ್ದರೂ ಅಷ್ಟು ಬೇಗ ಮುಗಿಯುತ್ತಿರಲಿಲ್ಲ. ಯಾಕೆಂದು ತಿಳಿಯಬೇಕಾದರೆ ಒಂದು ಅಪೀಲಿನ ಜೊತೆ ನಾವು ನಾಲ್ಕು ಹೆಜ್ಜೆ ನಡೆಯಬೇಕು.

ಒಂದು ಕುಟುಂಬ ಎಂದಿಟ್ಟುಕೊಳ್ಳಿ. ಮೂರು ಎಕರೆ ಜಮೀನು, ಊರೊಳಗೊಂದು ಹೆಂಚಿನ ಮನೆ. ಮದುವೆಯಾಗಿ ಹೋದ ಅಕ್ಕ ತನ್ನ ಪಾಲಿಗಾಗಿ ಓ.ಎಸ್., ಅಂದರೆ ಮೂಲ ದಾವೆ ಹೂಡಿದಳು, ಗೆದ್ದಳು. ತಮ್ಮಂದಿರು ಮೂವತ್ತು ದಿನದೊಳಗೆ ಮೇಲಿನ ಕೋರ್ಟಿನಲ್ಲಿ ಆರ್.ಎ., ಅಂದರೆ ಮೇಲ್ಮನವಿ ಹಾಕಿದರು. ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿಗೆ ತಡೆ ಬೀಳುವುದಿಲ್ಲ ಎಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶ, 5ನೇ ನಿಯಮ ಸ್ಪಷ್ಟವಾಗಿ ಹೇಳುತ್ತದೆ. ತಡೆ ಬೇಕಾದವರು ಪ್ರತ್ಯೇಕವಾಗಿ ಕೇಳಬೇಕು, ತಡೆ ಸಿಗದಿದ್ದರೆ ತಮಗಾಗುವ ನಷ್ಟವನ್ನು ತೋರಿಸಬೇಕು, ಭದ್ರತೆ ಕೊಡಬೇಕು. ತಮ್ಮಂದಿರು ಕೇಳಿದರು, ಸ್ಟೇ ಸಿಕ್ಕಿತು. ಅಲ್ಲಿಂದಾಚೆಗೆ ಜಮೀನು ಅವರ ಸ್ವಾಧೀನದಲ್ಲಿ, ಬೆಳೆ ಅವರ ಕಣಜದಲ್ಲಿ. ಅವಸರ ಅಕ್ಕನೊಬ್ಬಳಿಗೇ. ಸಿವಿಲ್ ಅಪೀಲಿನ ವಿಳಂಬಕ್ಕೆ ಮೊದಲ ಕಾರಣ ಇದೇ. ಸ್ವಾಧೀನದಲ್ಲಿರುವವನಿಗೆ ಪ್ರತಿ ವಾಯಿದೆಯೂ ಲಾಭ.

ಇನ್ನು ಕಡತದ ಆರ್ಡರ್ ಶೀಟನ್ನು ತೆರೆದು ನೋಡೋಣ. ನ್ಯಾಯಾಧೀಶರು ಪ್ರತಿ ತಾರೀಖಿಗೆ ಒಂದೆರಡು ಸಾಲು ಬರೆಯುವ ಹಾಳೆ ಅದು. ಎದುರುದಾರರು ಏಳು ಜನ. ನಾಲ್ಕನೆಯವರು ಪುಣೆಯಲ್ಲಿದ್ದಾರೆ. ‘ನಾಲ್ಕನೇ ಎದುರುದಾರರ ನೋಟಿಸ್ ಜಾರಿಯಾಗದೆ ವಾಪಸು, ಬಾಗಿಲು ಹಾಕಿದೆ ಎಂದು ಷರಾ. ಮರುನೋಟಿಸ್.’ ಮುಂದಿನ ತಾರೀಖು: ‘ಪ್ರೊಸೆಸ್ ಫೀ ಕಟ್ಟಿಲ್ಲ.’ ಅದರ ಮುಂದಿನದು: ‘ಎಲ್‌ಸಿಆರ್ ಬಂದಿಲ್ಲ, ಜ್ಞಾಪನ ಕಳಿಸಿ.’ ಎಲ್‌ಸಿಆರ್ ಎಂದರೆ ದಾವೆ ನಡೆದ ಕೋರ್ಟಿನ ಮೂಲ ಕಡತ. ಸಾಕ್ಷಿ ಹೇಳಿಕೆ, ಕ್ರಯಪತ್ರ, ಪಹಣಿ ಎಲ್ಲ ಅದರಲ್ಲೇ ಇವೆ. ಅದು ಬಾರದೆ ಅಪೀಲಿನಲ್ಲಿ ವಾದವೇ ಇಲ್ಲ. ಎಷ್ಟೋ ಕಡೆ ಈ ಎರಡು ಕೋರ್ಟುಗಳು ಒಂದೇ ಕಟ್ಟಡದಲ್ಲಿರುತ್ತವೆ, ಆದರೂ ಕಡತ ಮೆಟ್ಟಿಲು ಹತ್ತಿ ಬರಲು ತಿಂಗಳುಗಳು ಹಿಡಿಯುತ್ತವೆ.

ಅಷ್ಟರಲ್ಲಿ ಎರಡನೇ ಎದುರುದಾರರು ತೀರಿಕೊಂಡರು. ಅವರ ವಾರಸುದಾರರನ್ನು ತೊಂಬತ್ತು ದಿನದೊಳಗೆ ಕಡತಕ್ಕೆ ತರಬೇಕು. ತಾರದಿದ್ದರೆ ಅವರ ಮಟ್ಟಿಗೆ ಅಪೀಲು ಬಿದ್ದುಹೋಗುತ್ತದೆ, ಅಬೇಟ್ ಆಗುತ್ತದೆ. ಬಿದ್ದದ್ದನ್ನು ಎತ್ತಲು ಇನ್ನು ಅರವತ್ತು ದಿನ, ಅದೂ ಮೀರಿದರೆ ವಿಳಂಬ ಮನ್ನಾ ಮಾಡಿ ಎಂದು ಮತ್ತೊಂದು ಅರ್ಜಿ. ಪ್ರತಿ ಅರ್ಜಿಗೂ ನೋಟಿಸ್, ತಕರಾರು, ವಾದ, ಆದೇಶ. ಇದೆಲ್ಲ ಮುಗಿಯುವ ಹೊತ್ತಿಗೆ ಹೊಸ ದಾಖಲೆ ಸಿಕ್ಕಿದೆ, ಹೆಚ್ಚುವರಿ ಸಾಕ್ಷ್ಯಕ್ಕೆ ಅವಕಾಶ ಕೊಡಿ ಎಂದು ಒಂದು ಐ.ಎ., ಅಂದರೆ ಮಧ್ಯಂತರ ಅರ್ಜಿ ಬಂತು. ಕೊನೆಗೆ ಹಾಳೆಯಲ್ಲಿ ‘ವಾದಕ್ಕೆ’ ಎಂದು ಬಿತ್ತು. ಮುಂದಿನ ಸಾಲು: ‘ಕಾಲಾವಕಾಶ ಕೋರಿದರು, ಕೊನೆಯ ಅವಕಾಶ.’ ಅದರ ಮುಂದೆ: ‘ಅಂತಿಮವಾಗಿ ಕೊನೆಯ ಅವಕಾಶ.’ ಆಮೇಲೆ ನ್ಯಾಯಾಧೀಶರಿಗೆ ವರ್ಗವಾಯಿತು. ಹೊಸಬರ ಮುಂದೆ ವಾದ ಮೊದಲಿನಿಂದ.

ಇಂಥ ವಿಳಂಬ ಬರೀ ಕಟ್ಟುಕಥೆಯೆಂದು ತಿಳಿಯಬೇಡಿ. 2023ರ ಅಕ್ಟೋಬರ್ 20ರಂದು ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟ ಒಂದು ಪ್ರಕರಣದಲ್ಲಿ ದಾವೆ ಹೂಡಿದ್ದು 1982ರಲ್ಲಿ. ನಲವತ್ತೊಂದು ವರ್ಷದ ಮೇಲೆ ಅದು ದೇಶದ ಅತ್ಯುನ್ನತ ನ್ಯಾಯಾಲಯವನ್ನು ಮುಟ್ಟಿದ್ದು ಯಾವ ಪ್ರಶ್ನೆಯ ಮೇಲೆ ಗೊತ್ತೇ? ತೀರಿಹೋದ ವಾದಿಯ ಜಾಗಕ್ಕೆ ಯಾರು ಬರಬೇಕು ಎಂಬುದರ ಮೇಲೆ. ಮೂಲ ದಾವೆ ಆಗಲೂ ಮುಗಿದಿರಲಿಲ್ಲ.

ಈಗ ನಮ್ಮ ಅಕ್ಕ ಉಚ್ಚ ನ್ಯಾಯಾಲಯಕ್ಕೆ ಹೋಗುತ್ತಾಳೆ. ಸಂವಿಧಾನದ 227ನೇ ವಿಧಿ ತನ್ನ ವ್ಯಾಪ್ತಿಯ ಎಲ್ಲ ನ್ಯಾಯಾಲಯಗಳ ಮೇಲ್ವಿಚಾರಣೆಯನ್ನು ಉಚ್ಚ ನ್ಯಾಯಾಲಯಕ್ಕೆ ಕೊಟ್ಟಿದೆ. ಆ ವಿಧಿಯಡಿ ರಿಟ್ ಅರ್ಜಿ ಹಾಕಿ, ನನ್ನ ಅಪೀಲು ಇಷ್ಟು ವರ್ಷದಿಂದ ಬಾಕಿಯಿದೆ, ಬೇಗ ಮುಗಿಸಲು ಹೇಳಿ ಎಂದು ಕೇಳುತ್ತಾಳೆ. ಉಚ್ಚ ನ್ಯಾಯಾಲಯ ಕೇಸಿನ ಒಳಹೊರಗನ್ನು ನೋಡಲು ಹೋಗುವುದಿಲ್ಲ. ಯಾರು ಗೆಲ್ಲಬೇಕೆಂದು ಹೇಳುವ ಆದೇಶವಲ್ಲವಲ್ಲ ಅದು, ಬೇಗ ಮುಗಿಸಿ ಎಂದರೆ ಯಾರಿಗೂ ನಷ್ಟವಿಲ್ಲ. ಹಾಗಾಗಿ ಅಂಥ ಅರ್ಜಿ ಹೆಚ್ಚು ವಾದವಿಲ್ಲದೆ ಇತ್ಯರ್ಥವಾಗುತ್ತದೆ, ಆರು ತಿಂಗಳ ಸಾಲು ಸಿಗುತ್ತದೆ.

ಯಾರಿಗೂ ನಷ್ಟವಿಲ್ಲ ಎಂಬುದು ಪೂರ್ತಿ ನಿಜವಲ್ಲ. ಸರ್ಕಾರಿ ಆಸ್ಪತ್ರೆಯ ಸಾಲಿನಲ್ಲಿ ಶಿಫಾರಸು ಚೀಟಿ ಹಿಡಿದು ಬಂದವರನ್ನು ಮೊದಲು ಒಳಗೆ ಬಿಟ್ಟರೆ ಡಾಕ್ಟರ ಸಂಖ್ಯೆ ಹೆಚ್ಚುವುದಿಲ್ಲ, ಬೆಳಿಗ್ಗೆಯಿಂದ ನಿಂತವರು ಇನ್ನೊಂದು ಹೆಜ್ಜೆ ಹಿಂದಕ್ಕೆ ಹೋಗುತ್ತಾರೆ, ಅಷ್ಟೆ. ಅದೇ ನ್ಯಾಯಾಧೀಶರ ಮುಂದೆ ಇನ್ನೂ ಹಳೆಯ ಅಪೀಲೊಂದು ಇರಬಹುದು. ಅದರ ಕಕ್ಷಿದಾರಳು ಉಚ್ಚ ನ್ಯಾಯಾಲಯದವರೆಗೆ ಹೋಗುವ ಶಕ್ತಿಯಿಲ್ಲದ ವಿಧವೆಯಾಗಿರಬಹುದು. ಆಕೆಯ ತಾರೀಖು ಮುಂದಕ್ಕೆ ಹೋಗುತ್ತದೆ, ಯಾಕೆ ಹೋಯಿತೆಂದು ಆಕೆಗೆ ತಿಳಿಯುವುದೂ ಇಲ್ಲ.

ಈ ಮಾತನ್ನು ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವೇ ಒಪ್ಪಿದೆ. ಹಿನ್ನೆಲೆ ಹೀಗಿದೆ. ವಿಚಾರಣೆಗೆ ಕೊಟ್ಟ ತಡೆಯಾಜ್ಞೆ ಆರು ತಿಂಗಳಿಗೆ ತಾನಾಗಿ ಬಿದ್ದುಹೋಗುತ್ತದೆ ಎಂದು 2018ರಲ್ಲಿ ಮೂವರ ಪೀಠ ಹೇಳಿತ್ತು. ಸ್ಟೇ ಹಿಡಿದು ವರ್ಷಗಟ್ಟಲೆ ಕೂರುವವರಿಗೆ ಕಡಿವಾಣ ಹಾಕುವುದು ಅದರ ಉದ್ದೇಶ. ಆದರೆ ತಪ್ಪಿಲ್ಲದವರ ಸ್ಟೇ ಕೂಡ, ಅವರ ಕೇಸು ಕೋರ್ಟಿನ ಪಟ್ಟಿಗೇ ಬಾರದ ಕಾರಣಕ್ಕೆ ಬೀಳತೊಡಗಿತು. 2024ರ ಫೆಬ್ರುವರಿ 29ರಂದು ಸಂವಿಧಾನ ಪೀಠ ಅದನ್ನು ತಳ್ಳಿಹಾಕಿತು. ಪೀಠದ ಪ್ರಧಾನ ತೀರ್ಪು ಬರೆದವರು, ಹಿಂದೆ ಕರ್ನಾಟಕದ ಮುಖ್ಯ ನ್ಯಾಯಮೂರ್ತಿಯಾಗಿದ್ದ ಅಭಯ್ ಎಸ್. ಓಕಾ. ಬೇರೆ ನ್ಯಾಯಾಲಯಗಳಲ್ಲಿ ಬಾಕಿಯಿರುವ ಕೇಸುಗಳಿಗೆ ಸಾಂವಿಧಾನಿಕ ನ್ಯಾಯಾಲಯಗಳು ಸಾಮಾನ್ಯವಾಗಿ ಗಡುವು ಹಾಕಬಾರದು, ತೀರ ವಿಶೇಷ ಸಂದರ್ಭಗಳಲ್ಲಿ ಮಾತ್ರ ಹಾಕಬಹುದು, ಯಾವುದು ಮೊದಲು ಯಾವುದು ಆಮೇಲೆ ಎಂಬುದನ್ನು ಆಯಾ ನ್ಯಾಯಾಲಯಕ್ಕೇ ಬಿಡಬೇಕು ಎಂದಿತು ಆ ತೀರ್ಪು. ದೊಡ್ಡ ಕೋರ್ಟಿನ ಬಾಗಿಲು ತಟ್ಟಬಲ್ಲವರು ಮಾತ್ರ ಸರತಿ ತಪ್ಪಿಸಿ ಮುಂದೆ ಹೋದರೆ, ಸುಮ್ಮನೆ ಕಾಯುತ್ತಿರುವವರಿಗೆ ಅನ್ಯಾಯ ಎಂಬುದು ಅದಕ್ಕೆ ಕೊಟ್ಟ ಕಾರಣಗಳಲ್ಲೊಂದು.

ಅವಸರಕ್ಕೆ ಇನ್ನೊಂದು ಅಪಾಯವಿದೆ. ಸಿವಿಲ್ ಕೇಸಿನಲ್ಲಿ ಸಂಗತಿಗಳನ್ನು, ಸಾಕ್ಷ್ಯವನ್ನು ಮತ್ತೆ ತೂಗಿ ನೋಡುವ ಕೊನೆಯ ಜಾಗ ಮೊದಲ ಮೇಲ್ಮನವಿ. ಅಲ್ಲಿಂದ ಮೇಲಕ್ಕೆ, ಎರಡನೇ ಮೇಲ್ಮನವಿಯಲ್ಲಿ, ಉಚ್ಚ ನ್ಯಾಯಾಲಯ ಗಣನೀಯವಾದ ಕಾನೂನು ಪ್ರಶ್ನೆ ಇದ್ದರೆ ಮಾತ್ರ ನೋಡುತ್ತದೆ. 1976ರ ತಿದ್ದುಪಡಿಯ ಮೇಲೆ ಈ ಬಾಗಿಲು ಕಿರಿದಾಗಿದೆ. ಆದ್ದರಿಂದಲೇ ಅಪೀಲಿನ ತೀರ್ಪಿನಲ್ಲಿ ತೀರ್ಮಾನಿಸಬೇಕಾದ ಅಂಶಗಳು, ಪ್ರತಿ ಅಂಶಕ್ಕೆ ಉತ್ತರ, ಆ ಉತ್ತರಕ್ಕೆ ಕಾರಣ ಇವೆಲ್ಲ ಇರಲೇಬೇಕೆಂದು ಸಂಹಿತೆ ಹೇಳುತ್ತದೆ. ಗಡುವು ಹತ್ತಿರ ಬಂತೆಂದು ‘ಕೆಳ ನ್ಯಾಯಾಲಯದ ತೀರ್ಪು ಸರಿಯಾಗಿದೆ’ ಎಂದು ನಾಲ್ಕು ಸಾಲು ಗೀಚಿದರೆ ಉಚ್ಚ ನ್ಯಾಯಾಲಯ ಅದನ್ನು ರದ್ದು ಮಾಡಿ ಮರುವಿಚಾರಣೆಗೆ ಕಳಿಸುತ್ತದೆ. ಕೋರ್ಟಿನ ಮಾತಿನಲ್ಲಿ ‘ರಿಮ್ಯಾಂಡ್’. ಆರು ತಿಂಗಳಲ್ಲಿ ಮುಗಿದ ಅಪೀಲು ಆರು ವರ್ಷದ ಮೇಲೆ ಮೊದಲಿನ ಮೇಜಿಗೇ ಬಂದು ಕೂರುತ್ತದೆ.

ಹಾಗಾದರೆ ಮೇಲಿನ ನ್ಯಾಯಾಲಯ ಸುಮ್ಮನಿರಬೇಕೇ? ಖಂಡಿತ ಅಲ್ಲ. ನನ್ನ ತಕರಾರು ಆ ಸಾಲಿನ ಉದ್ದೇಶದ ಬಗ್ಗೆ ಅಲ್ಲ, ಅದರ ವಿಳಾಸದ ಬಗ್ಗೆ. ‘ಆರು ತಿಂಗಳೊಳಗೆ ಮುಗಿಸಿ’ ಎಂಬ ಮಾತು ಹೋಗುವುದು ನ್ಯಾಯಾಧೀಶರಿಗೆ. ನಾವು ನೋಡಿದ ಆರ್ಡರ್ ಶೀಟಿನಲ್ಲಿ ಕೇಸು ನಿಂತದ್ದು ಎಲ್ಲೆಲ್ಲಿ? ನೋಟಿಸ್ ಜಾರಿಯಲ್ಲಿ, ರೆಕಾರ್ಡ್ ರೂಮಿನಲ್ಲಿ, ವಾರಸುದಾರರ ಅರ್ಜಿಯಲ್ಲಿ, ವಕೀಲರ ಕಾಲಾವಕಾಶದಲ್ಲಿ, ಸ್ವಾಧೀನದಲ್ಲಿರುವವರ ಮನಸ್ಸಿನಲ್ಲಿ, ವರ್ಗಾವಣೆಯಲ್ಲಿ. ಇವರಲ್ಲಿ ಯಾರಿಗೂ ಆ ಸಾಲು ಏನನ್ನೂ ಹೇಳುವುದಿಲ್ಲ.

ಒಳ್ಳೆಯ ಮಾದರಿಗಳು ಇಲ್ಲದಿಲ್ಲ. ಆಗ ಹೇಳಿದ ನಲವತ್ತೊಂದು ವರ್ಷದ ಪ್ರಕರಣದಲ್ಲಿ ತೀರ್ಪು ಬರೆದವರು, ಕರ್ನಾಟಕ ಉಚ್ಚ ನ್ಯಾಯಾಲಯದಿಂದ ಹೋದ ನ್ಯಾಯಮೂರ್ತಿ ಅರವಿಂದ್ ಕುಮಾರ್. ಅವರು ಆ ಒಂದು ಕಡತಕ್ಕೆ ಗಡುವು ಹಾಕಿ ಕೈ ತೊಳೆದುಕೊಳ್ಳಲಿಲ್ಲ. ಸಮನ್ಸ್ ಜಾರಿ, ಪ್ರತಿವಾದಿಯ ಲಿಖಿತ ಹೇಳಿಕೆ, ವಾಯಿದೆ ಕೊಡುವುದು, ವಾದ ಕೇಳುವುದು, ತೀರ್ಪು ಪ್ರಕಟಿಸುವುದು, ಒಂದೊಂದು ಘಟ್ಟಕ್ಕೂ ಕಾನೂನಿನಲ್ಲಿರುವ ಕಾಲಮಿತಿಯನ್ನು ಪಾಲಿಸಿ ಎಂದರು. ಐದು ವರ್ಷ ಮೀರಿದ ಕೇಸುಗಳ ಲೆಕ್ಕವನ್ನು ಪ್ರತಿಯೊಬ್ಬ ನ್ಯಾಯಾಧೀಶರೂ ತಿಂಗಳಿಗೊಮ್ಮೆ ಪ್ರಧಾನ ಜಿಲ್ಲಾ ನ್ಯಾಯಾಧೀಶರಿಗೆ ಕೊಡಬೇಕು, ಅದನ್ನು ಉಚ್ಚ ನ್ಯಾಯಾಲಯದ ಸಮಿತಿ ಕೂತು ಪರಿಶೀಲಿಸಬೇಕು ಎಂದರು. ಇಲ್ಲಿ ಶಿಫಾರಸು ಚೀಟಿ ಬೇಕಿಲ್ಲ. ಹಳೆಯದು ಹಳೆಯದೆಂಬ ಕಾರಣಕ್ಕೇ ಕಣ್ಣಿಗೆ ಬೀಳುತ್ತದೆ.

2022ರ ಜೂನ್‌ನಲ್ಲಿ ನ್ಯಾಯಮೂರ್ತಿ ಅಬ್ದುಲ್ ನಜೀರ್, ವಿಕ್ರಮ್ ನಾಥ್ ಅವರ ಪೀಠ ಪಾಲಿನ ದಾವೆಯ ಇನ್ನೊಂದು ಗಂಟನ್ನು ಬಿಚ್ಚಿತು. ಪಾಲಿನ ದಾವೆಯಲ್ಲಿ ಮೊದಲು ಬರುವುದು ಪ್ರಾಥಮಿಕ ಡಿಕ್ರಿ: ಯಾರಿಗೆ ಎಷ್ಟು ಪಾಲು ಎಂಬುದು. ಆ ಪಾಲು ಸರ್ವೆ ನಂಬರಿನ ಯಾವ ಮೂಲೆಯಲ್ಲಿ ಎಂದು ಗುರುತಿಸಲು ಎಫ್‌ಡಿಪಿ ಎಂಬ ಇನ್ನೊಂದು ಅರ್ಜಿ ಹಾಕಬೇಕಿತ್ತು. ಅದಕ್ಕೊಂದು ನಂಬರು, ಮತ್ತೆ ನೋಟಿಸ್. ಕೃಷಿ ಜಮೀನಾದರೆ ಕಂದಾಯ ಇಲಾಖೆಗೆ ಪತ್ರ, ಸರ್ವೆಯವರಿಗಾಗಿ ಕಾಯುವುದು, ಕೊನೆಗೆ ಆ ಅಂತಿಮ ಡಿಕ್ರಿಯ ಮೇಲೂ ಅಪೀಲು. ಪ್ರಾಥಮಿಕ ಡಿಕ್ರಿ ಆದೊಡನೆ ಪ್ರತ್ಯೇಕ ಅರ್ಜಿಗೆ ಕಾಯದೆ ನ್ಯಾಯಾಲಯವೇ ಮುಂದಿನ ಹೆಜ್ಜೆ ಇಡಬೇಕು ಎಂದು ಆ ಪೀಠ ಹೇಳಿತು. ಒಂದು ಕೇಸಿಗೆ ಗಡುವು ಹಾಕುವ ಬದಲು, ಎಲ್ಲ ಪಾಲಿನ ಕೇಸುಗಳಿಂದ ಒಂದು ಇಡೀ ಸುತ್ತನ್ನೇ ತೆಗೆದುಹಾಕಿದ ಆದೇಶ ಅದು.

ಅಪೀಲು ಗೆದ್ದ ಮೇಲಿನ ಕತೆಯೂ ಇದೆ. ಹಿಂದುಸ್ತಾನದ ಕಕ್ಷಿದಾರನ ಕಷ್ಟ ಶುರುವಾಗುವುದೇ ಡಿಕ್ರಿ ಸಿಕ್ಕ ಮೇಲೆ ಎಂಬ ಅರ್ಥದ ಮಾತನ್ನು ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಷ್ಟು ಹಿಂದೆಯೇ ಆಡಿತ್ತು. ಬೆಂಗಳೂರಿನ ಒಂದು ಆಸ್ತಿಯ ವ್ಯಾಜ್ಯದಲ್ಲಿ 2021ರ ಏಪ್ರಿಲ್ 22ರಂದು ಸುಪ್ರೀಂ ಕೋರ್ಟ್, ಡಿಕ್ರಿಯನ್ನು ಜಾರಿಗೊಳಿಸಲು ಹಾಕುವ ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳಲ್ಲಿ ಮುಗಿಸಬೇಕು, ಮೀರಿದರೆ ಕಾರಣ ಬರೆದಿಡಬೇಕು ಎಂದಿತು. 2025ರ ಮಾರ್ಚ್‌ನಲ್ಲಿ ತಮಿಳುನಾಡಿನ ಒಂದು ಪ್ರಕರಣದಲ್ಲಿ ಅದನ್ನೇ ಮತ್ತೆ ಹೇಳಿ, ಬಾಕಿಯ ಲೆಕ್ಕ ತರಿಸಲು ಎಲ್ಲ ಉಚ್ಚ ನ್ಯಾಯಾಲಯಗಳಿಗೆ ಸೂಚಿಸಿತು. ಅಕ್ಟೋಬರ್ ಹೊತ್ತಿಗೆ ಮೂರು ಲಕ್ಷಕ್ಕೂ ಹೆಚ್ಚು ಅರ್ಜಿಗಳು ಮುಗಿದಿದ್ದವು, ಆದರೂ ದೇಶದಲ್ಲಿ 8.82 ಲಕ್ಷ ಬಾಕಿಯಿದ್ದವು. ಆ ಹೊತ್ತಿಗೆ ಕರ್ನಾಟಕದ ಲೆಕ್ಕ ಮಾತ್ರ ಬಂದಿರಲಿಲ್ಲವೆಂದು ಸುಪ್ರೀಂ ಕೋರ್ಟ್ ಹೆಸರು ಹೇಳಿ ವಿವರಣೆ ಕೇಳಿತು. ಲೆಕ್ಕ ಕೇಳಿದ್ದರಿಂದ ಲಕ್ಷಗಟ್ಟಲೆ ಅರ್ಜಿ ಅಲುಗಾಡಿದವು ಎಂಬುದನ್ನೂ ಗಮನಿಸಬೇಕು, ಲೆಕ್ಕವೇ ಸಿಗದ ಜಾಗಗಳಿವೆ ಎಂಬುದನ್ನೂ ಗಮನಿಸಬೇಕು.

ನ್ಯಾಯಾಧೀಶರ ಸಂಖ್ಯೆಯ ಮಾತು ಬರದೆ ಇದು ಪೂರ್ತಿಯಾಗುವುದಿಲ್ಲ. ಹತ್ತು ಲಕ್ಷ ಜನಕ್ಕೆ ಹತ್ತೂವರೆ ನ್ಯಾಯಾಧೀಶರಿದ್ದಾರೆ, ಐವತ್ತಾಗಬೇಕು ಎಂದು ಕಾನೂನು ಆಯೋಗ ತನ್ನ 120ನೇ ವರದಿಯಲ್ಲಿ ಹೇಳಿದ್ದು 1987ರಲ್ಲಿ. 2002ರಲ್ಲಿ ಸುಪ್ರೀಂ ಕೋರ್ಟ್ ಅದೇ ಐವತ್ತರ ಗುರಿಯನ್ನು ಸರ್ಕಾರಗಳ ಮುಂದಿಟ್ಟಿತು. ಇಂದಿಗೂ ಮಂಜೂರಾದ ಹುದ್ದೆಗಳು ಇಪ್ಪತ್ತೊಂದರ ಆಸುಪಾಸಿನಲ್ಲಿವೆ, ಅವುಗಳಲ್ಲೂ ಎಲ್ಲವೂ ಭರ್ತಿಯಾಗಿಲ್ಲ. ಜಿಲ್ಲಾ, ತಾಲ್ಲೂಕು ನ್ಯಾಯಾಲಯಗಳಲ್ಲಿ ಸಿವಿಲ್ ಕೇಸುಗಳೇ ಒಂದು ಕೋಟಿ ದಾಟಿವೆ. ಕೆಳಗಿನವರಿಗೆ ಗಡುವು ಹಾಕುವ ಅಧಿಕಾರ ಮೇಲಿನವರಿಗಿದೆ, ಸರ್ಕಾರಕ್ಕೆ ಹಾಕಿದ ಗಡುವು ಮಾತ್ರ ಕಾಗದದಲ್ಲೇ ಉಳಿದಿದೆ.

ಕೊನೆಗೆ, ಅಪೀಲು ಬಾಕಿಯಿರುವ ಕೇಳುಗರಿಗೆ ಒಂದೆರಡು ಮಾತು. ನಿಮ್ಮ ಕೇಸಿಗೆ ಸಿಎನ್ಆರ್ ಎಂಬ ಹದಿನಾರು ಅಕ್ಷರ ಅಂಕಿಗಳ ಗುರುತು ಇದೆ. ಇ-ಕೋರ್ಟ್ಸ್ ಆ್ಯಪ್‌ನಲ್ಲಿ ಅದನ್ನು ಹಾಕಿದರೆ ಮುಂದಿನ ತಾರೀಖು ಮಾತ್ರವಲ್ಲ, ಆ ತಾರೀಖು ಯಾತಕ್ಕೆ ಎಂಬುದೂ ತಿಳಿಯುತ್ತದೆ. ವಕೀಲರನ್ನು ‘ಯಾವಾಗ ಮುಗಿಯುತ್ತೆ’ ಎಂದು ಕೇಳುವ ಬದಲು ‘ಯಾವುದಕ್ಕೆ ನಿಂತಿದೆ’ ಎಂದು ಕೇಳಿ. ನೋಟಿಸಿಗೆ ನಿಂತಿದ್ದರೆ ಸರಿಯಾದ ವಿಳಾಸ ಹುಡುಕಿ ಕೊಡುವುದು ನಿಮ್ಮ ಕೈಯಲ್ಲಿದೆ. ಎದುರು ಪಕ್ಷದವರು ತೀರಿಕೊಂಡ ಸುದ್ದಿ ಊರಲ್ಲಿ ಮೊದಲು ತಿಳಿಯುವುದು ನಿಮಗೇ, ತೊಂಬತ್ತು ದಿನ ದಾಟುವ ಮೊದಲು ವಕೀಲರಿಗೆ ಹೇಳಿ. ವಯಸ್ಸಾಗಿದೆ, ಕಾಯಿಲೆಯಿದೆ ಎಂದಾದರೆ ಬೇಗ ವಿಚಾರಣೆ ಮಾಡಿ ಎಂಬ ಅರ್ಜಿಯನ್ನು ಮೊದಲು ಅದೇ ನ್ಯಾಯಾಲಯದಲ್ಲಿ ಹಾಕಿ, ಆ ನ್ಯಾಯಾಧೀಶರಿಗೂ ಆ ಅಧಿಕಾರವಿದೆ. ಎದುರಿನವರು ಸ್ಟೇ ಹಿಡಿದು ವಾಯಿದೆ ಕೇಳುತ್ತಿದ್ದರೆ ಸ್ಟೇ ತೆರವಿಗೆ ಅರ್ಜಿ ಹಾಕಿಸಿ. ಸ್ಟೇ ಅಲುಗಾಡಿದ ದಿನ ಅವರಿಗೂ ಅವಸರ ಹುಟ್ಟುತ್ತದೆ. ಅಣ್ಣತಮ್ಮಂದಿರ ನಡುವಿನ ಕೇಸಾದರೆ ಅಪೀಲಿನ ಹಂತದಲ್ಲೂ ಲೋಕ್ ಅದಾಲತ್ ಇದೆ, ಅಲ್ಲಿ ರಾಜಿಯಾದರೆ ಅದರ ಮೇಲೆ ಇನ್ನೊಂದು ಅಪೀಲಿಲ್ಲ.

ಇಷ್ಟಾದರೂ ಕೆಲವು ಕೇಸುಗಳು ಕದಲುವುದಿಲ್ಲ. ಆಗ ಉಚ್ಚ ನ್ಯಾಯಾಲಯಕ್ಕೆ ಹೋಗುವುದು ತಪ್ಪಲ್ಲ. ಹೋಗುವಾಗ ಆರ್ಡರ್ ಶೀಟಿನ ನಕಲನ್ನು ಜೊತೆಗೆ ಒಯ್ಯಿರಿ. ಎಷ್ಟು ವರ್ಷವಾಯಿತು ಎಂಬುದಕ್ಕಿಂತ ಎಲ್ಲಿ ನಿಂತಿದೆ ಎಂಬುದನ್ನು ತೋರಿಸಿ. ಆಗ ಸಿಗುವ ಆದೇಶ ‘ಆರು ತಿಂಗಳೊಳಗೆ ಮುಗಿಸಿ’ ಎಂದಷ್ಟೇ ಇರಬೇಕಾಗಿಲ್ಲ. ಎರಡು ವಾರದೊಳಗೆ ಮೂಲ ಕಡತ ಕಳಿಸಿ, ನಾಲ್ಕನೇ ಎದುರುದಾರರಿಗೆ ಬದಲಿ ವಿಧಾನದಲ್ಲಿ ನೋಟಿಸ್ ಜಾರಿ ಮಾಡಿ, ಇನ್ನೊಂದು ವಾಯಿದೆ ಕೇಳಿದರೆ ಖರ್ಚು ಹಾಕಿ ಎಂದೂ ಇರಬಹುದು. ಅಂಥ ಆದೇಶಕ್ಕೆ ಉತ್ತರ ಕೊಡಬೇಕಾದವರು ಯಾರು ಎಂಬುದು ಎಲ್ಲರಿಗೂ ಗೊತ್ತಿರುತ್ತದೆ. ಅದೇ ಆದೇಶ ಆ ಕೋರ್ಟಿನ ಹಳೆಯ ಅಪೀಲುಗಳಿಗೆಲ್ಲ ಅನ್ವಯಿಸಿದರೆ, ಬೆಂಗಳೂರಿನ ಬಸ್ಸು ಹತ್ತಲಾರದ ಆ ವಿಧವೆಯ ಸರತಿಯೂ ಬರುತ್ತದೆ.